ಕಪ್ಪು ತುಂಬಿದ ಚೌಕ

ಶಿರಾಳಕೊಪ್ಪದಲ್ಲಿ ಬಸ್ಸು ಬದಲಾಯಿಸಿ ಸೊರಬದ ಬಸ್ಸಿನ ಕಿಟಕಿ ಪಕ್ಕ ಕುಳಿತ ಮೇಲೆ ತಿಪ್ಪೇಶನಿಗೆ ಹೊಳೆಯಿತು, ಶಿಕಾರಿಪುರದಿಂದ ಇಲ್ಲಿಯವರೆಗೆ ತಾನು ಮಾಡಿಕೊಂಡು ಬಂದ ತಾಲೀಮೆಲ್ಲ ದಂಡ ಎಂದು. ‘ಮಾಳೇಶಾ, ನಿನ್ನ ಹತ್ರ ಒಂದು ವಿಷಯ ಮುಚ್ಚಿಟ್ಟಿದ್ದೆ’ ಎಂಬ ಒಂದೇ ಸಾಲನ್ನು ಆತ ಮನಸ್ಸಿನೊಳಗೆ ಮೊದಲು ಕಾಲೇಜಿನ ಪ್ರಿನ್ಸಿಪಾಲರ ಮೂಗುದನಿಯಲ್ಲಿ ಹೇಳಿ ನೋಡಿದ್ದ, ಆಮೇಲೆ ಟೀವಿಯಲ್ಲಿ ಸಾವುನೋವಿನ ಸುದ್ದಿ ಓದುವವಳ ದನಿಯಲ್ಲಿ, ಕೊನೆಗೆ ತೀರಿಹೋದ ಅಪ್ಪ ಲೋಕಪ್ಪನ ದನಿಯಲ್ಲಿ, ಸಾಲಿಗೆರಡು ಕೆಮ್ಮು ಸೇರಿಸಿ. ಅಪ್ಪನ ದನಿಯೇ ಚೆನ್ನಾಗಿ ಹೊಂದಿತ್ತು. ಅಪ್ಪ ಮಹಾ ಜೀನ. ಮಕ್ಕಳಿಗೆ ಬಿಟ್ಟುಹೋದದ್ದು ಬರೀ ಜೀನು. ಹಾಗೆಂದುಕೊಂಡು ಒಳಗೊಳಗೇ ನಕ್ಕದ್ದೂ ಆಯಿತು. ಆದರೆ ಕೇಳಬೇಕಾದವನಿಗೆ ಹುಟ್ಟಿದಂದಿನಿಂದ ಕಿವಿ ಕೇಳುವುದಿಲ್ಲ. ಕಿವುಡ ತಮ್ಮನಿಗೆ ಯಾವ ದನಿಯಲ್ಲಿ ಹೇಳಿದರೆ ನೋವಾಗುವುದಿಲ್ಲ ಎಂದು ಮುಕ್ಕಾಲು ಗಂಟೆ ಯೋಚಿಸಿದ ಈ ಜೀವಶಾಸ್ತ್ರದ ಉಪನ್ಯಾಸಕನಿಗೆ ಎಂಎಸ್ಸಿ ಕೊಟ್ಟವರು ಅದನ್ನು ವಾಪಸು ಕೇಳಿದರೂ ತಪ್ಪಿಲ್ಲ.

ಆದ್ದರಿಂದ ಬಾಯಿಯ ತಾಲೀಮು ಬಿಟ್ಟು ಕೈಯ ತಾಲೀಮು ಶುರುಮಾಡಿದ. ತೊಡೆಯ ಮೇಲಿದ್ದ ಬ್ಯಾಗಿನ ಮರೆಯಲ್ಲಿ ಬೆರಳುಗಳು ಮೆಲ್ಲಗೆ ಎದ್ದವು. ಮೊಣಕೈಯ ಒಳಮಡಿಕೆಯಲ್ಲಿ ಚಿವುಟಿದರೆ ರಕ್ತ. ನಾಲಿಗೆಯನ್ನು ಕೆನ್ನೆಯೊಳಗೆ ಉಬ್ಬಿಸಿ ಅದರ ಮೇಲೆ ಬೆರಳಿಟ್ಟರೆ ಸುಳ್ಳು. ಹೊಟ್ಟೆಯ ಮೇಲೆ ಅಂಗೈ ಸುತ್ತಿಸಿದರೆ ಹೆಂಡತಿ ಪ್ರಮೀಳಾ ಹೊತ್ತಿರುವ ಹದಿನಾರು ವಾರದ ಕೂಸು. ‘ತಪ್ಪಾಯಿತು’ ಎಂಬುದಕ್ಕೆ ಅಣ್ಣತಮ್ಮಂದಿರ ನಡುವೆ ಸನ್ನೆಯೇ ಇರಲಿಲ್ಲ. ಬೇಕಾಗಿರಲಿಲ್ಲ ಅಂತಲ್ಲ, ಬೇಕಾದಾಗಲೆಲ್ಲ ತಿಪ್ಪೇಶ ಬೆನ್ನು ತಿರುಗಿಸಿಬಿಡುತ್ತಿದ್ದ. ಬೆನ್ನು ತಿರುಗಿಸಿದರೆ ಕಿವುಡನ ಜೊತೆಗಿನ ಜಗಳ ಅಲ್ಲಿಗೆ ಮುಗಿದಂತೆ. ಅದೊಂದು ಅನುಕೂಲವನ್ನು ಚಿಕ್ಕಂದಿನಿಂದಲೂ ಆತ ಧಾರಾಳವಾಗಿ ಬಳಸಿಕೊಂಡಿದ್ದ.

“ಪಾಪ, ಮಾತು ಬರದಿಲ್ಲ ಅಂತ ಕಾಣ್ತದೆ,” ಎಂದಳು ಪಕ್ಕದ ಸೀಟಿನ ಹೆಂಗಸು, ಮುಂದಿನ ಸೀಟಿನವಳಿಗೆ. “ನೋಡು, ಹೆಂಗೆ ಒಬ್ರೇ ಕೈಯಾಡಿಸ್ತಾ ಇದಾರೆ.”

‘ಬರ್ತದಮ್ಮ’ ಎನ್ನಲು ತಿಪ್ಪೇಶನಿಗೆ ಸರಿಯಾಗಿ ಒಂದು ಕ್ಷಣದ ಅವಕಾಶವಿತ್ತು. ಬಸ್ಸಿನಲ್ಲಿ ಒಬ್ಬನೇ ಕೈಯಾಡಿಸುತ್ತಿದ್ದುದು ಯಾಕೆಂದು ವಿವರಿಸಬೇಕಾದೀತಲ್ಲ ಎಂದು ಹಿಂಜರಿಯುವಷ್ಟರಲ್ಲಿ ಆ ಕ್ಷಣ ದಾಟಿಹೋಯಿತು. ಅಷ್ಟರಲ್ಲಿ ಕಂಡಕ್ಟರು ಬಂದ. “ಎಲ್ಲಿಗ್ರೀ?” “ಅವ್ರಿಗೆ ಕೇಳದಿಲ್ಲ ಮಾರಾಯ್ರೆ, ಜೋರು ಹೇಳಿ!” ಎಂದಳು ಆಕೆ. ಕಂಡಕ್ಟರು ಬಾಗಿ ತಿಪ್ಪೇಶನ ಮೂಗಿನ ಹತ್ತಿರ ಬಾಯಿ ತಂದು ಕೂಗಿದ: “ಕಾರ್ಡ್ ಐತಾ? ಕಾರ್ಡೂ?” ಹಿಂದಿನ ಸೀಟುಗಳ ತಲೆಗಳೆಲ್ಲ ಎದ್ದವು. ತಿಪ್ಪೇಶ ಬೆವರುತ್ತ ಅಂಗೈ ಮೇಲೆ ಸೊರಬ ಎಂದು ಬೆರಳಿನಲ್ಲಿ ಬರೆದು ತೋರಿಸಿ ಟಿಕೆಟ್ಟು ತೆಗೆದುಕೊಂಡ. ಬೇರೆ ಏನನ್ನಾದರೂ ಕೇಳಬಹುದಿತ್ತು ಪುಣ್ಯಾತ್ಮ. ಸರಿಯಾಗಿ ಅಂಗವಿಕಲರ ಕಾರ್ಡನ್ನೇ ಕೇಳಬೇಕೆ.

ಅಲ್ಲಿಂದ ಮುಂದೆ ಆ ಇಬ್ಬರು ಆತನ ಎದುರಿಗೇ ಆತನ ವಿಚಾರ ಮಾತಾಡಿದರು. ಮದುವೆಯಾಗಿದೆಯೋ ಇಲ್ಲವೋ, ಗಂಡಸರಿಗೆ ಕಾಲುಂಗುರವಾದರೂ ಇದ್ದಿದ್ದರೆ ಗೊತ್ತಾಗುತ್ತಿತ್ತು. ಇಂಥವರಿಗೆ ಮಕ್ಕಳೂ ಹೀಗೇ ಹುಟ್ಟುತ್ತವಂತೆ. “ಈಗ ಅದಕ್ಕೂ ಬಂದಿದೆಯಂತೆ ಕಣೇ, ಟೀವಿಯಲ್ಲಿ ತೋರಿಸಿದ್ರು. ರಕ್ತ ನೋಡಿ, ಬೇಕಾದಂಥ ಮಗು ಮಾಡ್ಕೊಡ್ತಾರಂತೆ.” “ಹೌದಾ? ಹಂಗಾದ್ರೆ ಗೊರಕೆ ಹೊಡೀದೇ ಇರೋದು ಒಂದು ಮಾಡ್ಕೊಡಿ ಅನ್ಬೇಕು, ನಮ್ಮನೆಯವ್ರ ವಂಶದಾಗೆ ಮಲಗಿದ್ರೆ ಹೆಂಚು ಹಾರ್ತದೆ.” ಬೇರೆ ದಿನವಾಗಿದ್ದರೆ ತಿಪ್ಪೇಶ ಈ ಮಾತನ್ನು ಜೇಬಿಗಿಳಿಸಿಕೊಂಡು ಹೋಗಿ ಸ್ಟಾಫ್ ರೂಮಿನಲ್ಲಿ ಇಬ್ಬರ ದನಿಯನ್ನೂ ತೆಗೆದು ಚಹಾ ಗಿಟ್ಟಿಸುತ್ತಿದ್ದ. ಇವತ್ತು ನಗುವಂತಿಲ್ಲ, ಸಿಟ್ಟಾಗುವಂತಿಲ್ಲ, ತಲೆ ತಿರುಗಿಸುವಂತೆಯೂ ಇಲ್ಲ. ಮುಖವನ್ನು ಎಲ್ಲಿಡಬೇಕೆಂದು ತಿಳಿಯದೆ ಕಿಟಕಿಯ ಗಾಜಿನಲ್ಲಿ ನೋಡಿಕೊಂಡರೆ ಅಲ್ಲಿ ಅರ್ಧ ನಗೆಯ, ಯಾರಿಗೂ ತೊಂದರೆ ಕೊಡದ, ಒಂದು ವಿಧೇಯ ಮುಖವಿತ್ತು. ಸಂತೆಯಲ್ಲಿ, ಮದುವೆಮನೆಯಲ್ಲಿ, ತಾಲ್ಲೂಕು ಕಚೇರಿಯ ಸಾಲಿನಲ್ಲಿ ಮಾಳೇಶ ಹಾಕಿಕೊಂಡಿರುತ್ತಿದ್ದ ಮುಖ. ಅದು ಅವನ ಸ್ವಭಾವ, ಪಾಪದವನು, ಎಂದು ಇಷ್ಟು ವರ್ಷ ಅಂದುಕೊಂಡಿದ್ದ. ಇಪ್ಪತ್ತು ನಿಮಿಷದಲ್ಲಿ ಅದು ತನಗೂ ಬಂದುಬಿಟ್ಟಿತ್ತು, ಯಾವ ವಂಶವಾಹಿಯ ಸಹಾಯವೂ ಇಲ್ಲದೆ.

ಫೋನು ಬಡಿದುಕೊಂಡಿತು. ಪ್ರಮೀಳಾ. ಕತ್ತರಿಸಿದ. ಮತ್ತೆ ಬಂತು, ಮತ್ತೆ ಕತ್ತರಿಸಿದ. “ಪಾಪ, ಫೋನ್ ಇಟ್ಕೊಂಡು ಏನ್ ಮಾಡ್ತಾರೋ,” ಎಂದಳು ಪಕ್ಕದವಳು ನಿಜವಾದ ಕನಿಕರದಿಂದ, ಚೀಲದಿಂದ ಒಂದು ಬಾಳೆಹಣ್ಣು ತೆಗೆದು ಆತನ ಕೈಯಲ್ಲಿಟ್ಟಳು. ಸೊರಬದಲ್ಲಿ ಇಳಿದು ನಾಲ್ಕು ಹೆಜ್ಜೆ ಹೋಗುವುದರೊಳಗೆ ಮೂರನೆಯ ಸಲ ಬಡಿದುಕೊಂಡಾಗ ತಡೆಯಲಾಗದೆ “ಹಾಂ, ಹೇಳೇ” ಎಂದುಬಿಟ್ಟ. ಬೆನ್ನ ಹಿಂದೆಯೇ ಇಳಿದಿದ್ದವಳು “ಅಯ್ಯೋ! ಬಾಯಿ ಬಂತಲ್ರೀ!” ಎಂದು ಚೀಲ ಎದೆಗವಚಿಕೊಂಡಳು. ಆ ನೋಟದಿಂದ ಓಡಿ ಒಂದು ಅಂಗಡಿಯ ಮರೆಗೆ ಹೋಗಿ ನಿಂತ.

“ಯಾಕೆ ಮಾಮಾ ಕಟ್ ಮಾಡ್ತಿದೀಯ?”

“ಬಸ್ಸಲ್ಲಿ ಮೂಗ ಆಗಿದ್ದೆ.”

“ಇವತ್ತು ಯಾರ ಮಿಮಿಕ್ರಿನೂ ಬೇಡ. ಸಣ್ಮಾಮಂಗೆ ಹೇಳಿದ್ಯಾ?”

“ಇನ್ನೂ ಸೊರಬದಾಗೆ ಇದೀನಿ ಮಾರಾಯ್ತಿ.”

“ನಾಳೆ ಹತ್ತೂವರೆಗೆ ಶಿವಮೊಗ್ಗದಲ್ಲಿರ್ಬೇಕು. ನೀನು ಹೇಳದೆ ವಾಪಸ್ ಬಂದ್ರೆ ನಾನು ಬಸ್ ಹತ್ತಲ್ಲ. ಅವ್ನ ರಕ್ತ ಕದ್ದು ನನ್ನ ಹೊಟ್ಟೆ ನೋಡೋದು ಬ್ಯಾಡ.” ಫೋನಿಟ್ಟಳು.

ಕದ್ದದ್ದೇ. ಕುಪ್ಪಗಡ್ಡೆಯ ಕಡೆಗೆ ಹೋಗುವ ಆಟೋದಲ್ಲಿ ಮೂವರ ನಡುವೆ ಒತ್ತಿಕೊಂಡು ಕುಳಿತಾಗ ಆ ಮಾತು ಪಕ್ಕೆಗೆ ಚುಚ್ಚುತ್ತಲೇ ಇತ್ತು. ಎರಡು ತಿಂಗಳ ಹಿಂದೆ ಶಿವಮೊಗ್ಗದ ಆ ಆಸ್ಪತ್ರೆಯಲ್ಲಿ ದೀಪಶ್ರೀ ಎಂಬ ಎಳೆ ವಯಸ್ಸಿನ ವಂಶವಾಹಿ ಸಲಹೆಗಾರ್ತಿ ಬಿಳಿ ಹಾಳೆಯ ಮೇಲೆ ಗಂಡಸರಿಗೆ ಚೌಕ, ಹೆಂಗಸರಿಗೆ ವೃತ್ತ ಬರೆಯುತ್ತ, “ಸಾರ್, ನಿಮಗೇ ಗೊತ್ತಿರುತ್ತಲ್ಲ” ಎಂದು ಆತನಿಗೂ ಪ್ರಮೀಳಾಳಿಗೂ ನಡುವೆ ಜೋಡಿಗೆರೆ ಎಳೆದಿದ್ದಳು. ರಕ್ತಸಂಬಂಧದಲ್ಲಿ ಮದುವೆಯಾದವರಿಗೆ ಜೋಡಿಗೆರೆ. ಗೊತ್ತಿತ್ತು. ಅಕ್ಕನ ಮಗಳನ್ನು ಮದುವೆಯಾಗಬಾರದು ಎಂದು ವರ್ಷಕ್ಕೊಮ್ಮೆ ಪಾಠ ಮಾಡಿ ಕಾಸು ತೆಗೆದುಕೊಳ್ಳುವವನು ಅಕ್ಕನ ಮಗಳನ್ನೇ ಮದುವೆಯಾಗಿದ್ದ. ಅವ್ವನ ಬಲವಂತ ಅಂತ ಹೊರಗೆ ಹೇಳಿಕೊಂಡರೂ ನಿಜ ಬೇರೆ. ತನ್ನ ಮಿಮಿಕ್ರಿಗೆ ಹೊಟ್ಟೆ ಹಿಡಿದುಕೊಂಡು ನಗುವ ಹುಡುಗಿ ತಾಲ್ಲೂಕಿನಲ್ಲಿ ಅವಳೊಬ್ಬಳೇ ಇದ್ದಳು. ದೀಪಶ್ರೀ ಇನ್ನೊಂದು ಚೌಕ ಬರೆದು ಅದಕ್ಕೆ ಪೆನ್ನಿನಿಂದ ಕಪ್ಪು ತುಂಬಿದಳು. ಮಾಳೇಶ. ಅವನ ರಕ್ತ ಸಿಕ್ಕರೆ ದೋಷ ಎಲ್ಲಿದೆಯೆಂದು ಗೊತ್ತಾಗುತ್ತದೆ, ಆಮೇಲೆ ನಿಮ್ಮಿಬ್ಬರಲ್ಲಿ ಹುಡುಕುವುದು ಸುಲಭ, ಬೇಕಿದ್ದರೆ ಹದಿನಾರನೇ ವಾರಕ್ಕೆ ಹೊಟ್ಟೆಯ ನೀರು ತೆಗೆದು ಕೂಸಿನಲ್ಲೂ ನೋಡಬಹುದು, ಎಂದಳು. ಅವರ ಒಪ್ಪಿಗೆ ಮುಖ್ಯ, ತಿಳಿಸಿ ಹೇಳಿ ಸಾರ್, ಎಂದೂ ಹೇಳಿದ್ದಳು. ಆಕೆಯ ತಲೆಯ ಮೇಲೆ ಗೋಡೆಯಲ್ಲಿ ‘ಇಲ್ಲಿ ಭ್ರೂಣಲಿಂಗ ಪತ್ತೆ ಮಾಡುವುದಿಲ್ಲ’ ಎಂಬ ಫಲಕವಿತ್ತು. ಗಂಡೋ ಹೆಣ್ಣೋ ಎಂದು ಕೇಳಿದರೆ ಜೈಲು, ಕೇಳುತ್ತದೋ ಇಲ್ಲವೋ ಎಂದು ಕೇಳಿದರೆ ರಸೀದಿ. ಹೀಗೊಂದು ಮಾತು ಹೊಳೆದು ನಾಲಿಗೆಯ ತುದಿಗೆ ಬಂದು, ಪ್ರಮೀಳಾಳ ಮುಖ ನೋಡಿ ವಾಪಸು ಹೋಯಿತು.

ತಿಳಿಸಿ ಹೇಳುವ ಬದಲು ತಿಪ್ಪೇಶ ತಮ್ಮನಿಗೆ ಹೇಳಿದ್ದು ಬೇರೆ. ಅಂಗವಿಕಲರ ಕಾರ್ಡು ಹೊಸದು ಮಾಡಿಸಬೇಕು, ಈ ಸಲ ರಕ್ತ ಬೇಕಂತೆ, ಬಾ. ಎರಡು ನಿಮಿಷದ ಕೈಸನ್ನೆಯಲ್ಲಿ ಮುಗಿದ ಸುಳ್ಳು. ಮಾಳೇಶ ಕಂಬಳಿ ಕೊಡವಿ ಹೆಗಲಿಗೆ ಹಾಕಿಕೊಂಡು ಹಿಂದೆ ಬಂದ, ತೋಳು ಚಾಚಿದ, ಸೂಜಿ ಚುಚ್ಚುವಾಗ ಅಣ್ಣನ ಮುಖವನ್ನೇ ನೋಡುತ್ತಿದ್ದ. ತಿಪ್ಪೇಶ ಅವನ ಬೆನ್ನು ಸವರಿದ್ದ. ಹತ್ತು ದಿನದ ಹಿಂದೆ ವರದಿ ಬಂತು: ತನ್ನಲ್ಲೂ ಇದೆ, ಪ್ರಮೀಳಾಳಲ್ಲೂ ಇದೆ, ಕೂಸು ಕಿವುಡಾಗುವ ಸಾಧ್ಯತೆ ನಾಲ್ಕರಲ್ಲಿ ಒಂದು. ಆಗಲೇ ಪ್ರಮೀಳಾಳಿಗೆ ಕಾರ್ಡಿನ ಸುಳ್ಳೂ ಗೊತ್ತಾದದ್ದು. ನಾಲ್ಕರಲ್ಲಿ ಒಂದು ಎಂಬುದನ್ನು ತಿಪ್ಪೇಶ ಬಟಾಣಿ ಗಿಡದ ಲೆಕ್ಕದಲ್ಲಿ ಹದಿಮೂರು ವರ್ಷ ಕಲಿಸಿದ್ದಾನೆ. ಹೋದ ವರ್ಷ ಒಂದು ದಿನ, ಬಟಾಣಿ ಸಾಕೆನಿಸಿ, ‘ಇದು ಯಾವುದೋ ಒಂದು ಕುಟುಂಬ’ ಎಂದು ಕರಿಹಲಗೆಯ ಮೇಲೆ ತನ್ನ ಮನೆಯನ್ನೇ ಬರೆದಿದ್ದ. ಅಪ್ಪ, ಅವ್ವ, ಅಕ್ಕ, ತಾನು, ಆಮೇಲೆ ಸುಣ್ಣದ ಕಡ್ಡಿಯನ್ನು ಅಡ್ಡ ಹಿಡಿದು ತುಂಬಿದ ಚೌಕ. ಮೂರನೇ ಬೆಂಚಿನ ಹುಡುಗಿ ಎದ್ದು ಅದನ್ನು ತೋರಿಸಿ, “ಸಾರ್, ಇವ್ರು ಏನ್ ಕೆಲಸ ಮಾಡ್ತಾರೆ?” ಎಂದಿದ್ದಳು. “ಅದು ಪರೀಕ್ಷೆಗೆ ಬರಲ್ಲಮ್ಮ” ಎಂದಿದ್ದ, ಪ್ರಿನ್ಸಿಪಾಲರ ಮೂಗುದನಿಯಲ್ಲಿ. ಕ್ಲಾಸೆಲ್ಲ ಬಿದ್ದು ಬಿದ್ದು ನಕ್ಕಿತ್ತು. ಹುಡುಗಿ ನಗದೆ ಕುಳಿತಳು. ಅವಳ ಹೆಸರು ಕೂಡ ಈಗ ನೆನಪಿಲ್ಲ, ಆದರೆ ಅವಳು ಕುಳಿತ ರೀತಿ ಆಟೋದ ಪ್ರತಿ ಗುಂಡಿಗೂ ನೆನಪಾಗುತ್ತಿತ್ತು. ಸಹೋದ್ಯೋಗಿ ಯೋಗೇಶ ಇದನ್ನೆಲ್ಲ ಕೇಳಿದ್ದರೆ ಸುಲಭ ಮಾಡಿಬಿಡುತ್ತಿದ್ದ. ಹಿಂದೊಮ್ಮೆ ಇಂಥದೇ ಮಾತು ಬಂದಾಗ ಅಂದಿದ್ದ, “ಇನ್ನು ಹತ್ತು ವರ್ಷ ತಡಿ ಗುರುವೇ, ಎತ್ತರ, ಬಣ್ಣ, ನೀಟ್ ರ್‍ಯಾಂಕು ಎಲ್ಲ ಸೆಟ್ ಮಾಡೇ ಕಳಿಸ್ತಾರೆ. ನಾವು ಪಾಠ ಮಾಡೋದೂ ತಪ್ತದೆ.” ಆಗ ತಿಪ್ಪೇಶ ಖಾನಾವಳಿ ಮಾಣಿಯ ದನಿ ತೆಗೆದು, ‘ಒಂದು ಡಾಕ್ಟ್ರು, ಖಾರ ಕಮ್ಮೀ’ ಎಂದು ಕೂಗಿ ಸ್ಟಾಫ್ ರೂಮನ್ನು ನಗಿಸಿದ್ದ.

ಕೊಯ್ಲು ಮುಗಿದ ಗದ್ದೆಯಲ್ಲಿ ಡಿಸೆಂಬರಿನ ಬಿಸಿಲು ಕೂಳೆಗಳ ಮೇಲೆ ಮಲಗಿತ್ತು. ರಾತ್ರಿ ಗೊಬ್ಬರಕ್ಕೆಂದು ಗದ್ದೆಯವರು ಮಾಳೇಶನ ಕುರಿ ನಿಲ್ಲಿಸಿಕೊಂಡಿದ್ದರು. ಬಲೆ ಕಟ್ಟಿದ ದೊಡ್ಡಿ ಈಗ ಖಾಲಿ, ಹಿಂಡು ದೂರದ ಗದ್ದೆಯಲ್ಲಿ ಚದುರಿ ಮೇಯುತ್ತಿತ್ತು. ಬದುವಿನ ಮೇಲೆ ಮೂರು ಕಲ್ಲಿನ ಒಲೆಯೆದುರು ಅವ್ವ ಹಾಲಮ್ಮ ಮುದ್ದೆ ತಿರುವುತ್ತಿದ್ದಳು.

“ಏನಪಾ ಮೇಷ್ಟ್ರು, ಐತ್ವಾರ ದಾರಿ ತಪ್ಪಿ ಬಂದ್ರಾ?” ಎಂದಳು. “ಪಮ್ಮಿ ಉಂಬ್ತಾಳಾ ಸರಿಯಾಗಿ?” ಉತ್ತರಕ್ಕೆ ಕಾಯದೆ ಕೋಲಿನಲ್ಲಿ ಹಿಂಡಿನ ಕಡೆ ತೋರಿಸಿದಳು. “ನಿನ್ ತಮ್ಮಂಗೆ ಏನ್ ಹೇಳೀಯೋ ನೀನು? ಎರಡು ತಿಂಗ್ಳಾತು, ತಂಬಾಕು ಮುಟ್ಟಿಲ್ಲ. ಹದಿನೈದು ವರ್ಷದಿಂದ ನಾನು ಬಡ್ಕಂಡ್ರೆ ಬಿಡದಾಂವ. ಮುದ್ದೆ ಎರಡು ಉಂಬ್ತಿದ್ದಾಂವ ಮೂರು ಉಂಬ್ತಾನೆ, ಹಾಲು ಕುಡೀತಾನೆ. ಯಾಕಲೇ ಅಂತ ಕೇಳಿದ್ರೆ ಊರ ದಿಕ್ಕಿಗೆ, ನಿನ್ ಕಡೆಗೆ ಕೈ ತೋರಿಸ್ತಾನೆ.”

ತಿಪ್ಪೇಶನಿಗೆ ಅರ್ಥವಾಗಲಿಲ್ಲ. ಅರ್ಥವಾಗಬಾರದೆಂದು ಒಳಗೆ ಏನೋ ತಡೆಯುತ್ತಿತ್ತು ಕೂಡ. ಅಷ್ಟರಲ್ಲಿ ಮಾಳೇಶ ಆತನನ್ನು ಕಂಡು ಕಂಬಳಿ ಎತ್ತಿ ಬೀಸಿದ, ಕೂಳೆ ತುಳಿಯುತ್ತ ಬಂದ. ನಿಜಕ್ಕೂ ಮೈ ಕೈ ತುಂಬಿಕೊಂಡಿದ್ದ. ಬಂದವನೇ ಅಣ್ಣನ ಕಣ್ಣಿನ ಕೆಳರೆಪ್ಪೆ ಎಳೆದು ನೋಡಿದ, ಉಗುರು ಒತ್ತಿ ನೋಡಿದ, ರೋಗ ಬಂದ ಕುರಿಯನ್ನು ನೋಡುವ ಹಾಗೆ. ಆಮೇಲೆ ತನ್ನ ಅಂಗಿಯನ್ನು ಮೇಲೆತ್ತಿ, ಪಕ್ಕೆಯ ಮೇಲೆ ಎರಡು ಸಲ ಬಡಿದು, ‘ಸಿದ್ಧ’ ಎಂದ.

ಯಾತಕ್ಕೆ ಎಂದು ತಿಪ್ಪೇಶ ಕೈ ತಿರುವಿದ. ಮಾಳೇಶನ ಕೈಗಳು ತಾಳ್ಮೆಯಿಂದ ವಿವರಿಸಿದವು. ಕಾರ್ಡು ಸಾಯುವ ತನಕ ನಡೆಯುತ್ತದೆಂದು ಮಾಡಿಕೊಟ್ಟ ಗುಮಾಸ್ತನೇ ಅವನಿಗೆ ಹೇಳಿದ್ದ. ಕಣ್ಣು ಮುಚ್ಚಿ, ನಾಲಿಗೆ ಹೊರಹಾಕಿ, ಹೆಣದ ಹಾಗೆ ಕುತ್ತಿಗೆ ವಾಲಿಸಿ ತೋರಿಸಿದ್ದನಂತೆ, ಅದನ್ನು ಮಾಳೇಶ ಹಾಗೇ ಮಾಡಿ ತೋರಿಸಿದ. ಆದ್ದರಿಂದ ರಕ್ತ ತೆಗೆಸಿದ್ದು ಕಾರ್ಡಿಗಲ್ಲ. ನಿನಗೋ ಪ್ರಮೀಳಾಗೋ ಏನೋ ಆಗಿದೆ, ಕಿಡ್ನಿಯೋ ಏನೋ ಬೇಕಾಗಿದೆ, ಕೇಳಲು ನಾಚಿಕೆ ನಿನಗೆ. ನೀನು ಯಾವಾಗಲೂ ಹಾಗೇ. ಕರೆಯಲಿ ಎಂದು ಕಾಯುತ್ತಿದ್ದೆ. ತಂಬಾಕು ಬಿಟ್ಟೆ.

ಅಪ್ಪನ ದನಿ, ಪ್ರಿನ್ಸಿಪಾಲರ ದನಿ, ಟೀವಿಯವಳ ದನಿ, ಒಂದೂ ಇಲ್ಲಿ ತಿಪ್ಪೇಶನ ಕೆಲಸಕ್ಕೆ ಬರುವಂತಿರಲಿಲ್ಲ. ಕೈ ಎತ್ತಿದ. ಬಸ್ಸಿನಲ್ಲಿ ಮಾಡಿದ ತಾಲೀಮು ಒಂದೂ ನೆನಪಿಗೆ ಬರಲಿಲ್ಲ. ಬಂದದ್ದು ಬರೀ ಮೊಂಡು ಮೊಂಡಾದ ಸನ್ನೆ. ರೋಗ ಇಲ್ಲ. ಯಾರಿಗೂ ಇಲ್ಲ. ನಿನ್ನ ರಕ್ತದಲ್ಲಿ ಕಿವಿ ಯಾಕೆ ಕೆಟ್ಟಿತು ಅಂತ ನೋಡಿದರು. ಅದು ನನ್ನೊಳಗೂ ಇದೆ, ಪ್ರಮೀಳಾಳ ಒಳಗೂ ಇದೆ. ಕೂಸಿನೊಳಗೂ ಇದೆಯಾ ಅಂತ ನಾಳೆ ಹೊಟ್ಟೆಗೆ ಸೂಜಿ ಹಾಕಿ ನೋಡುತ್ತಾರೆ.

ಮಾಳೇಶನ ಕೈ ಒಂದೇ ಒಂದು ಪ್ರಶ್ನೆ ಕೇಳಿತು. ತನ್ನ ಎದೆ ಮುಟ್ಟಿಕೊಂಡು, ನನ್ನಂಥದು ಆಗಿದ್ದರೆ? ಎಂದು ಅಂಗೈಯನ್ನು ಗಾಳಿಯಲ್ಲಿ, ಸ್ಲೇಟು ಒರೆಸಿದಂತೆ, ಅಡ್ಡ ಎಳೆದ.

ತಿಪ್ಪೇಶ ಬೆನ್ನು ತಿರುಗಿಸಬಹುದಿತ್ತು. ತಿರುಗಿಸಲಿಲ್ಲ. ಗೊತ್ತಿಲ್ಲ ಎಂದು ಎರಡೂ ಅಂಗೈ ಬಿಚ್ಚಿದ. ಅದು ಆತ ಈ ಎರಡು ತಿಂಗಳಲ್ಲಿ ತನ್ನ ಬಗ್ಗೆ ಯಾರಿಗಾದರೂ ಹೇಳಿದ ಮೊದಲ ನಿಜ.

ಮಾಳೇಶ ಹಿಂಡಿನ ಕಡೆ ಹೋಗಿಬಿಟ್ಟ. “ಏನಾತೋ? ಏನಂದಿ ಅವ್ನಿಗೆ?” ಎಂದು ಹಾಲಮ್ಮ ಕೂಗಿದಳು. ಹೇಳಿದ. ಮುದ್ದೆಯ ಕೋಲು ಕೈಯಲ್ಲೇ ಹಿಡಿದು ಕೇಳಿಸಿಕೊಂಡು, “ಅಲ್ಲಲೇ, ಬಸುರಾಗಿದ್ದಾಗ ನನ್ನ ಯಾರಾದ್ರೂ ಹಿಂಗೆ ಕೇಳಿದ್ರೆ, ಆವಾಗ, ನಿಜ ಹೇಳ್ತೀನಿ, ಬ್ಯಾಡ ಅಂತಿದ್ನೇನೋ,” ಎಂದಳು. ಸ್ವಲ್ಪ ತಡೆದು, “ಅವ್ನ ಮುಖ ನೋಡಿರಲಿಲ್ಲಲ್ಲ ಇನ್ನೂ,” ಎಂದಳು.

ಊಟದ ಹೊತ್ತು ಮೀರಿದ ಮೇಲೆ ಮಾಳೇಶ ತಾನಾಗಿಯೇ ಬಂದ. ಕಣ್ಣು ಕೆಂಪಗಿತ್ತು. ಜೇಬಿನಿಂದ ಫೋನು ತೆಗೆದು, ಅಣ್ಣನನ್ನು ಕೇಳದೆ, ಪ್ರಮೀಳಾಳಿಗೆ ವಿಡಿಯೋ ಕಾಲ್ ಮಾಡಿದ. ಅದನ್ನು ತಿಪ್ಪೇಶನ ಕೈಗೆ ಕೊಟ್ಟು, ಹೀಗೆ ಹಿಡಿ, ಅಲುಗಾಡಬೇಡ ಎಂದು ಆತನ ಮೊಣಕೈ ಸರಿಮಾಡಿದ. ಜೀವಶಾಸ್ತ್ರದ ಉಪನ್ಯಾಸಕ ಸ್ಟ್ಯಾಂಡಿನ ಹಾಗೆ ನಿಂತ. ಪರದೆಯಲ್ಲಿ ಪ್ರಮೀಳಾ ಶಿಕಾರಿಪುರದ ಅಡುಗೆಮನೆಯಲ್ಲಿ ಫೋನನ್ನು ಡಬ್ಬಿಗೆ ಒರಗಿಸಿ ಎರಡೂ ಕೈ ಖಾಲಿ ಮಾಡಿಕೊಂಡಳು. ಚಿಕ್ಕಂದಿನಲ್ಲಿ ಮಾಳೇಶನ ಹೆಗಲ ಮೇಲೇ ಬೆಳೆದವಳು, ಅವಳ ಸನ್ನೆ ತಿಪ್ಪೇಶನದಕ್ಕಿಂತ ಚುರುಕು.

ಮಾಳೇಶ ಕೂಸಿನ ವಿಷಯ ಎತ್ತಲಿಲ್ಲ. ತನ್ನ ವಿಷಯ ಹೇಳಿದ. ಚಿಕ್ಕವನಿದ್ದಾಗ ಎಲ್ಲರೂ ಬಾಯಾಡಿಸುವುದನ್ನು ನೋಡಿ ಏನೋ ಅಗಿಯುತ್ತಿದ್ದಾರೆ, ನನಗೊಬ್ಬನಿಗೆ ಕೊಡುತ್ತಿಲ್ಲ ಅಂದುಕೊಂಡಿದ್ದೆ. ಅವ್ವನ ಬಾಯಿಗೆ ಬೆರಳು ಹಾಕಿ ಹುಡುಕಿ ಪೆಟ್ಟು ತಿಂದಿದ್ದೆ. ಏಳು ವರ್ಷವಾಗುವ ತನಕ ನನಗೆ ಒಂದೂ ಮಾತು ಯಾರೂ ಕೊಡಲಿಲ್ಲ. ಕಿವಿಯಿಲ್ಲದ್ದು ಕಷ್ಟ ಅಲ್ಲ ಅಂತ ಸುಳ್ಳು ಹೇಳಲ್ಲ, ಕಷ್ಟ. ಆದರೆ ಅದಕ್ಕಿಂತ ಆ ಹಸಿವು ಕಷ್ಟ. ಅದಕ್ಕೇ ಮೊದಲೇ ಗೊತ್ತಾದರೆ ಒಳ್ಳೆಯದೇ. ನೋಡಿಸು. ಕೇಳದ ಕೂಸಾದರೆ ಹುಟ್ಟಿದ ದಿನದಿಂದ ಕೈಯಲ್ಲಿ ಮಾತಾಡಿಸು. ಈಗ ಕಿವಿಗೆ ಮಿಷನ್ ಕೂರಿಸ್ತಾರಂತೆ, ಅದನ್ನೂ ಕೂರಿಸು. ಕಿತ್ತು ಬಿಸಾಕಿದರೆ ಮಾತ್ರ ಹೊಡೀಬೇಡ.

ಪ್ರಮೀಳಾ ಕಣ್ಣೊರೆಸಿಕೊಂಡು ಸನ್ನೆ ಮಾಡುತ್ತಲೇ ಬಾಯಲ್ಲೂ ಹೇಳಿದಳು, ಗಂಡನಿಗೂ ಕೇಳಲಿ ಎಂದು. “ಅದಕ್ಕೆ ಸೂಜಿ ಯಾಕೆ ಸಣ್ಮಾಮ? ಹೆರಿಗೆ ಆದ ಎರಡನೇ ದಿನಕ್ಕೆ ಕಿವಿ ನೋಡ್ತಾರಂತೆ, ಮೊನ್ನೆ ನರ್ಸಮ್ಮನ್ನ ಕೇಳಿದೆ. ಹುಟ್ಟೋದಕ್ಕೆ ಮುಂಚೆ ನೋಡೋದು ಒಂದೇ ಕಾರಣಕ್ಕೆ. ಆ ಕಾರಣ ನನಗೆ ಬ್ಯಾಡ. ಬೇಕು ಅನ್ನೋರ್ನ ನಾನು ಬೈಯಲ್ಲ, ಅವ್ರ ಹೊಟ್ಟೆ ಅವ್ರದ್ದು. ನಂದು ಇದು.” ಆಮೇಲೆ ಸನ್ನೆ ನಿಲ್ಲಿಸಿ ನೇರ ಪರದೆ ನೋಡಿದಳು. “ಮಾಮಾ, ಫೋನ್ ಹಿಡ್ಕೊಂಡು ಅಳಬ್ಯಾಡ, ಸಣ್ಮಾಮ ಅಲುಗಾಡ್ತಾ ಕಾಣ್ತಾನೆ. ನಿಂಗೇನಾದ್ರೂ ಹೇಳೋದೈತಾ?”

ತಿಪ್ಪೇಶನಿಗೆ ಎಷ್ಟೋ ದನಿ ಬರುತ್ತಿದ್ದವು. ಈಗ ಬಂದದ್ದು ಯಾರದೂ ಅಲ್ಲ, ಸ್ವಲ್ಪ ಒಡಕಲಾಗಿತ್ತು. “ನಾಳೆ ಬರಲ್ಲ ಅಂತ ಫೋನ್ ಮಾಡ್ತೀನಿ,” ಎಂದ. “ನಂಗೆ ಭಯ ಐತೆ ಕಣೇ.”

“ನಂಗೂ ಐತೆ. ಬಾ ಮನೆಗೆ.” ಮಾಳೇಶನ ಕಡೆ ತಿರುಗಿ ಕೈಯಾಡಿಸಿದಳು: ಹೆರಿಗೆ ಮೇ ಕೊನೆಗೆ. ಒಂದು ತಿಂಗಳು ನೀನು ಬಂದಿರಬೇಕು. ಕೂಸು ಹೇಗಿದ್ದರೂ ನಿನ್ನ ಕೈಮಾತು ಅದಕ್ಕೆ ಬೇಕು.

ಮಾಳೇಶ ಹಿಂಡು ತೋರಿಸಿ, ಇವನ್ನು ಯಾರು ನೋಡುವುದು ಎಂದ. ಪ್ರಮೀಳಾ ಪರದೆಯೊಳಗಿಂದಲೇ ಬೆರಳು ಚಾಚಿದಳು. ಬೆರಳು ಯಾರ ಕಡೆಗೆಂದು ತಿಳಿದು ಮಾಳೇಶನ ಹೊಟ್ಟೆಯಿಂದ ನಗು ಬಂತು. ತಾನೇ ಎಂದೂ ಕೇಳಿರದ, ಒರಟಾದ, ದೊಡ್ಡ ನಗು. “ಮೇ ತಿಂಗ್ಳು ಕಾಲೇಜಿಗೆ ರಜಾ ಅಲ್ಲೇನೋ?” ಎಂದು ಹಾಲಮ್ಮನೂ ಸೇರಿಕೊಂಡಳು. ಆದರೆ ನಗು ನಿಂತ ಮೇಲೆ ಮಾಳೇಶ ಅಣ್ಣನ ಮುಂದೆ ಬಂದು ನಿಂತು, ಮೊಣಕೈಯ ಮಡಿಕೆ ಚಿವುಟಿಕೊಂಡು, ನಾಲಿಗೆಯಿಂದ ಕೆನ್ನೆ ಉಬ್ಬಿಸಿ, ಬೆರಳನ್ನು ಅಣ್ಣನ ಎದೆಗೆ ಒತ್ತಿದ, ನೋಯುವಷ್ಟು. ಇನ್ನೊಂದು ಸಲ ಬೇಡ. ತಿಪ್ಪೇಶ ಆ ಬೆರಳನ್ನು ಹಿಡಿದುಕೊಂಡು ತಲೆಯಾಡಿಸಿದ. ಮಾಳೇಶ ಬಿಡಿಸಿಕೊಳ್ಳಲು ಅವಸರ ಮಾಡಲಿಲ್ಲ.

ಆಮೇಲೆ ಹೆಗಲ ಕಂಬಳಿ ತೆಗೆದು ಅಣ್ಣನ ಹೆಗಲಿಗೆ ಹಾಕಿ, ಕೋಲು ಕೊಟ್ಟು, ಹೋಗು ಎಂದು ನೂಕಿ, ತಾನು ಒಲೆಯ ಪಕ್ಕ ಮೂರನೇ ಮುದ್ದೆಗೆ ಕುಳಿತ. ಹಿಂಡು ಅಷ್ಟರಲ್ಲಿ ಪಕ್ಕದ ಉದ್ದಿನ ಹೊಲದ ಕಡೆಗೆ ಸರಿಯುತ್ತಿತ್ತು. ತಿಪ್ಪೇಶ ಓಡಿದ. ಗಂಟಲು ತೆರೆದು ಚಿಕ್ಕಂದಿನಲ್ಲಿ ತಾಳಗುಂದದ ಸುತ್ತ ತಾನು ಕೇಳಿದ್ದ ಕುರಿಗಾಹಿಗಳ ಕೂಗನ್ನೆಲ್ಲ ಒಂದೊಂದಾಗಿ ಕೂಗಿದ. ಎಲ್ಲವೂ ಅಚ್ಚುಕಟ್ಟು, ಕೇಳಿದವರು ಚಪ್ಪಾಳೆ ತಟ್ಟಬೇಕು ಹಾಗೆ. ಒಂದು ಕುರಿಯೂ ತಲೆ ಎತ್ತಲಿಲ್ಲ. ಹಿಂದಿನಿಂದ ಹಾಲಮ್ಮ ಕೂಗಿದಳು, “ಕೂಗಿದ್ರೆ ಬರಾವಲ್ಲಲೇ ಅವು! ಹುಟ್ಟಿದಾಗಿಂದ ಇವ್ನ ಕೈ ನೋಡ್ಕಂಡು ಬೆಳದಾವೆ. ಕಂಬಳಿ ಎತ್ತು, ಕಂಬಳಿ!”

ತಿಪ್ಪೇಶ ಬಾಯಿ ಮುಚ್ಚಿ ನಿಂತ. ಕಂಬಳಿಯ ಎರಡು ತುದಿ ಹಿಡಿದು ತಲೆಯ ಮೇಲೆತ್ತಿ, ಎಡದಿಂದ ಬಲಕ್ಕೆ, ಅಂಜುತ್ತ ಅಂಜುತ್ತ, ಒಮ್ಮೆ ಬೀಸಿದ. ಹಿಂಡಿನ ಮುಂದಿದ್ದ ಮುದಿ ಕುರಿ ಮೇಯುವುದು ನಿಲ್ಲಿಸಿ ನೋಡಿತು. ಇದು ಆ ಮನುಷ್ಯನಲ್ಲ ಎಂಬುದು ಅದಕ್ಕೆ ಗೊತ್ತಾಗಿತ್ತು. ಆದರೂ, ಯೋಚಿಸಿದಂತೆ ಒಂದು ಕ್ಷಣ ತಡೆದು, ಆತನ ಕಡೆಗೆ ತಿರುಗಿತು.